ಬರೀ ಆರ್ಮಿ ಆಫೀಸರ್ ಪಾತ್ರಗಳೇ ಬರ್ತಿವೆ, ಮೀಸೆ ತೆಗೆದುಬಿಡಲಾ?

ಮೂರು ಸೀರಿಯಲ್, ಒಂದು ಸಿನಿಮಾ, ನಾಲ್ಕರಲ್ಲೂ ಮೇಜರ್. ಇದೇ ಮುದ್ರೆ ಬಿದ್ದುಬಿಡುತ್ತೆ ಅನ್ನೋ ಭಯಕ್ಕೆ ಮೀಸೆ ತೆಗೆದು, ಒಂದು ವರ್ಷ ಬೇರೆ ಪಾತ್ರಕ್ಕೆ ಕಾಯಲಾ ಅಂತ ಕೇಳಿದ್ದೀರಿ. ಓದುತ್ತಿದ್ದ ಹಾಗೆ ಮೈ ಜುಂ ಅಂತು. 2003ರಲ್ಲಿ ನಾನೂ ಕನ್ನಡಿ ಮುಂದೆ ರೇಜರ್ ಹಿಡಿದು ಇದನ್ನೇ ಕೇಳಿಕೊಂಡಿದ್ದೆ.

ತೆಗೆದೂಬಿಟ್ಟೆ. ಮೂರು ತಿಂಗಳು ಒಂದು ಫೋನೂ ಬರಲಿಲ್ಲ, ಮತ್ತೆ ಬೆಳೆಸಿದೆ. ಅದೇನು ದೊಡ್ಡ ತಪ್ಪಲ್ಲ ಬಿಡಿ, ಮೀಸೆ ಮತ್ತೆ ಬರುತ್ತೆ. ನನಗೆ ನಿಜವಾಗಿ ಪೆಟ್ಟು ಕೊಟ್ಟ ತಪ್ಪು ಬೇರೆ. ಅದಕ್ಕೂ ಮುದ್ರೆಗೂ ಸಂಬಂಧವೇ ಇಲ್ಲ. ಅದನ್ನು ಹೇಳೋಕೇ ಇಷ್ಟು ಬರೆಯುತ್ತಿದ್ದೇನೆ.

ನಾನು ಸೈನ್ಯದಲ್ಲಿದ್ದವನಲ್ಲ. ನಮ್ಮ ಮನೆತನದಲ್ಲೂ ಯಾರೂ ಇರಲಿಲ್ಲ. ಹಳೇ ಮದ್ರಾಸ್ ರಸ್ತೆಯ ಒಂದು ಕಾರ್ಖಾನೆಯಲ್ಲಿ ಕೆಲಸ, ಹಲಸೂರಲ್ಲಿ ಬಾಡಿಗೆ ಮನೆ, ಸಂಜೆ ಎರಡು ಬಸ್ ಬದಲಾಯಿಸಿ ಹನುಮಂತನಗರಕ್ಕೆ ನಾಟಕದ ರಿಹರ್ಸಲ್. ಆರಡಿ ಎತ್ತರ, ದಪ್ಪ ದನಿ. 2001ರಲ್ಲಿ ರವೀಂದ್ರ ಕಲಾಕ್ಷೇತ್ರದಲ್ಲಿ ನಮ್ಮ ನಾಟಕ ನೋಡಿದ ಒಬ್ಬ ಅಸೋಸಿಯೇಟ್ ಡೈರೆಕ್ಟರ್ ಮಾರನೇ ದಿನ ಫೋನ್ ಮಾಡಿ, 'ಸಾರ್, ಸೀರಿಯಲ್‌ನಲ್ಲಿ ಕರ್ನಲ್ ಪಾತ್ರ, ಎರಡು ದಿನ' ಅಂದರು. ನನಗೆ ಆಗ 27 ವರ್ಷ. ಆ ವಯಸ್ಸಿಗೆ ಸೈನ್ಯದಲ್ಲಿ ಯಾರೂ ಕರ್ನಲ್ ಆಗಿರೋದಿಲ್ಲ ಅನ್ನೋದು ನನಗೂ ಗೊತ್ತಿರಲಿಲ್ಲ, ಅವರಿಗೂ ಗೊತ್ತಿರಲಿಲ್ಲ. ಬಾಡಿಗೆಗೆ ತಂದ ಯೂನಿಫಾರಂನ ಭುಜದ ಮೇಲೆ ಮೂರು ನಕ್ಷತ್ರ ಇದ್ದವು. ಮೂರು ನಕ್ಷತ್ರ ಅಂದರೆ ಕ್ಯಾಪ್ಟನ್. ಕರ್ನಲ್‌ಗೆ ಬೇಕಾಗಿದ್ದು ನಾಲ್ಕು ಸಿಂಹದ ಲಾಂಛನ, ಅದರ ಜೊತೆಗೆ ಎರಡು ನಕ್ಷತ್ರ, ಕಾಲರ್ ಮೇಲೆ ಕೆಂಪು ಪಟ್ಟಿ. ಇದೆಲ್ಲ ನನಗೆ ತಿಳಿದದ್ದು ಸೀರಿಯಲ್ ಟಿವಿಯಲ್ಲಿ ಬಂದ ಮೇಲೆ.

ತಿಳಿಸಿದವರು ನಮ್ಮ ಬೀದಿಯ ಮೂರನೇ ಮನೆಯ ಹಿರಿಯರು. ಹಲಸೂರು ಕೆರೆ ಪಕ್ಕದಲ್ಲೇ ಸೈನ್ಯದ ಮದ್ರಾಸ್ ಎಂಜಿನಿಯರ್ ಗ್ರೂಪ್ ಇದೆಯಲ್ಲ, ಅಲ್ಲಿಂದ ಸುಬೇದಾರ್ ಆಗಿ ನಿವೃತ್ತರಾದವರು. ಅಲ್ಲಿನ ಸೈನಿಕರನ್ನು ಪ್ರೀತಿಯಿಂದ 'ತಂಬಿ' ಅಂತ ಕರೆಯುತ್ತಾರೆ. ಅವರು ನನಗೂ ಹಾಗೇ ಅಂದರು. 'ತಂಬಿ, ಟಿವಿಯಲ್ಲಿ ನೋಡಿದೆ. ನಾಳೆ ಬೆಳಿಗ್ಗೆ ಐದೂವರೆಗೆ ಟೆರೇಸ್‌ಗೆ ಬಾ.' ಬೈಯಲಿಲ್ಲ, ನಗಲಿಲ್ಲ. ಅಷ್ಟು ಹೇಳಿ ಹೋದರು.

ಮೊದಲ ದಿನ ಬರೀ ನಿಲ್ಲೋದು. ಹಿಮ್ಮಡಿ ಕೂಡಿಸಬೇಕು, ಎರಡು ಪಾದಗಳ ನಡುವೆ 30 ಡಿಗ್ರಿ, ಮುಷ್ಟಿ ಕಟ್ಟಿ ಹೆಬ್ಬೆರಳು ಪ್ಯಾಂಟಿನ ಹೊಲಿಗೆಗೆ ತಾಗಿರಬೇಕು. ಹೊಲಿಗೆಗೂ ಹೆಬ್ಬೆರಳಿಗೂ ನಡುವೆ ಒಂದು ಹಳೇ ರೂಪಾಯಿ ನಾಣ್ಯ ಇಡುತ್ತಿದ್ದರು. ಅದು ಟಣ್ ಅಂತ ಸಿಮೆಂಟ್ ನೆಲಕ್ಕೆ ಬಿದ್ದರೆ ಮತ್ತೆ ಮೊದಲಿನಿಂದ. ಎರಡೂ ಕೈಗೆ ಒಂದೊಂದು ನಾಣ್ಯ. ಇಪ್ಪತ್ತು ನಿಮಿಷ ಬೀಳದೆ ನಿಲ್ಲೋಕೆ ನನಗೆ ಹನ್ನೊಂದು ದಿನ ಬೇಕಾಯ್ತು. ಆಮೇಲೆ ಸೆಲ್ಯೂಟ್. ಸೈನ್ಯದ ಸೆಲ್ಯೂಟ್‌ನಲ್ಲಿ ಅಂಗೈ ಪೂರ್ತಿ ಮುಂದಕ್ಕೆ ಕಾಣಬೇಕು, ಐದೂ ಬೆರಳು ಕೂಡಿರಬೇಕು, ಮಧ್ಯದ ಬೆರಳು ಹುಬ್ಬಿನ ಹತ್ತಿರ ಬಂದು ನಿಲ್ಲಬೇಕು. ಟೋಪಿ ಇಲ್ಲದಿದ್ದರೆ ಸೆಲ್ಯೂಟ್ ಇಲ್ಲ, ಸಾವ್‌ಧಾನ್‌ನಲ್ಲಿ ನಿಂತರೆ ಅದೇ ಗೌರವ. ಹೊಸ ಬೆರೆಟ್ ಟೋಪಿಯನ್ನು ಬಿಸಿ ನೀರಲ್ಲಿ ನೆನೆಸಿ, ಹಿಂಡಿ, ಒದ್ದೆ ಇದ್ದಾಗಲೇ ತಲೆ ಮೇಲೆ ಕೂರಿಸಿ ಬಲಗಡೆಗೆ ಎಳೆಯಬೇಕು. ಬ್ಯಾಡ್ಜ್ ಎಡಗಣ್ಣಿನ ಮೇಲಕ್ಕೆ ಬರಬೇಕು. ಒಣಗುವವರೆಗೂ ತೆಗೆಯೋ ಹಾಗಿಲ್ಲ. ಒಂದು ಭಾನುವಾರ ಆ ಒದ್ದೆ ಉಣ್ಣೆಯ ಟೋಪಿ ಹಾಕಿಕೊಂಡೇ ಅವರ ಮನೆಯಲ್ಲಿ ಇಡ್ಲಿ ತಿಂದೆ. ಕಿವಿ ಹಿಂದೆ ನೀರು ಇಳಿಯುತ್ತಿತ್ತು.

ಎರಡು ವರ್ಷ ಬಿಡದೆ ಹೋದೆ. ಅದರ ಫಲ ಸಿಕ್ಕಿತು. ಗಾಂಧಿನಗರದಲ್ಲಿ 'ಆರ್ಮಿ ಪಾತ್ರನಾ, ಅವರನ್ನ ಕರೀರಿ, ಯೂನಿಫಾರಂ ಕೂಡ ಅವರೇ ಸರಿ ಮಾಡ್ಕೋತಾರೆ' ಅನ್ನೋ ಮಾತು ಹರಡಿತು. ಮೇಜರ್, ಕರ್ನಲ್, ಬ್ರಿಗೇಡಿಯರ್, ಹುಡುಗಿಯ ನಿವೃತ್ತ ಅಪ್ಪ, ಸತ್ತ ಹೀರೋನ ಕಮಾಂಡಿಂಗ್ ಆಫೀಸರ್. ಹೆಸರು ಮಾತ್ರ ಯಾವಾಗಲೂ ಕೊಡಗಿನದು. ಫೀಲ್ಡ್ ಮಾರ್ಷಲ್ ಕಾರ್ಯಪ್ಪ, ಜನರಲ್ ತಿಮ್ಮಯ್ಯ ಇಬ್ಬರೂ ಕೊಡಗಿನವರೇ ಆದ್ದರಿಂದ ನಮ್ಮ ಬರಹಗಾರರಿಗೆ ಸೈನ್ಯ ಅಂದರೆ ಮಡಿಕೇರಿ. ಬೆಳಗಾವಿಯಲ್ಲಿ ಮರಾಠಾ ಲೈಟ್ ಇನ್‌ಫೆಂಟ್ರಿ ಕೇಂದ್ರವೇ ಇದೆ, ಉತ್ತರ ಕರ್ನಾಟಕದ ಎಷ್ಟೋ ಹಳ್ಳಿಗಳಿಂದ ಹುಡುಗರು ಸೈನ್ಯ ಸೇರುತ್ತಾರೆ. ಅವರ ಮಾತಿನ ಧಾಟಿಯ ಒಬ್ಬ ಹವಾಲ್ದಾರ್‌ನನ್ನು ಬರೆಯಿರಿ ಅಂತ ಇಷ್ಟು ವರ್ಷದಿಂದ ಕೇಳುತ್ತಾ ಇದ್ದೇನೆ. ಇದು ಬೇರೆ ವಿಷಯ, ಆದರೂ ಹೇಳದೆ ಇರೋಕೆ ಆಗಲಿಲ್ಲ.

ಈಗ ಆ ತಪ್ಪಿಗೆ ಬರುತ್ತೇನೆ.

2013. ಒಂದು ಹಿಂದಿ ಸಿನಿಮಾದ ಒಂದು ಭಾಗದ ಶೂಟಿಂಗ್ ಬೆಂಗಳೂರಿನಲ್ಲಿ ಇತ್ತು. ನನಗೆ ನೌಕಾಪಡೆಯ ಕ್ಯಾಪ್ಟನ್ ಪಾತ್ರ. ನೌಕಾಪಡೆಯ ಕ್ಯಾಪ್ಟನ್ ಅಂದರೆ ಸೈನ್ಯದ ಕ್ಯಾಪ್ಟನ್ ಅಲ್ಲ, ಕರ್ನಲ್‌ಗೆ ಸಮ. ಭುಜದ ಮೇಲೆ ನಾಲ್ಕು ಚಿನ್ನದ ಪಟ್ಟಿ. ಅದು ನನಗೆ ಗೊತ್ತಿತ್ತು. ನಾಲ್ಕು ದಿನದ ಕೆಲಸ. ಅದು ಚೆನ್ನಾಗಿ ಆದರೆ ಅದೇ ತಂಡದ ಮುಂದಿನ ಸಿನಿಮಾದಲ್ಲಿ ನಿವೃತ್ತ ಬ್ರಿಗೇಡಿಯರ್ ಪಾತ್ರ, 22 ದಿನದ ಕಾಲ್‌ಶೀಟ್ ಅಂತ ಮಾತಾಗಿತ್ತು.

ಶೂಟಿಂಗ್‌ಗೆ ಒಂದು ವಾರ ಮುಂಚೆ ಒಬ್ಬ ಅಸಿಸ್ಟೆಂಟ್ ಡೈರೆಕ್ಟರ್ ಹುಡುಗ ಫೋನ್ ಮಾಡಿದ. ನಾನು ಆಗ ಟ್ರಿನಿಟಿ ಸರ್ಕಲ್ ಹತ್ತಿರ ಬಸ್‌ನಲ್ಲಿ ನಿಂತಿದ್ದೆ. 'ಸಾರ್, ನಿವೃತ್ತ ನೇವಿ ಆಫೀಸರ್ ಒಬ್ಬರು ಬುಧವಾರ ಬರ್ತಾರೆ. ನಿಮಗೆ ರಿಹರ್ಸಲ್ ಬೇಕಾ? ಆ ದಿನದ ಪೇಮೆಂಟೂ ಕೊಡ್ತೀವಿ.' ನಾನು, 'ಬೇಡಪ್ಪ, ನನಗೆ ಗೊತ್ತು. ಹನ್ನೆರಡು ವರ್ಷದಿಂದ ಇದನ್ನೇ ಮಾಡ್ತಿದೀನಿ' ಅಂದೆ. ಅವನು 'ಸರಿ ಸಾರ್' ಅಂದ. ಫೋನ್ ಇಟ್ಟ. ಎರಡು ನಿಮಿಷವೂ ಆಗಿರಲಿಲ್ಲ.

ಆ ಎರಡು ನಿಮಿಷವನ್ನು ನಾನು ಎಷ್ಟು ಸಲ ಬಿಡಿಸಿ ನೋಡಿದ್ದೇನೋ ಲೆಕ್ಕವಿಲ್ಲ. ಯಾಕೆ ಹಾಗಂದೆ? ಬುಧವಾರ ಒಂದು ಸೀರಿಯಲ್ ಕಾಲ್‌ಶೀಟ್ ಇತ್ತು, ಅದನ್ನು ಬಿಡೋಕೆ ಮನಸ್ಸಿರಲಿಲ್ಲ. ಅದೊಂದು ಕಾರಣ. ಬೇಕು ಅಂದರೆ 'ಓ, ಇವರಿಗೆ ಗೊತ್ತಿಲ್ಲ' ಅಂದುಕೊಂಡು ಬೇರೆಯವರನ್ನು ಹಾಕಿಕೊಂಡಾರು ಅನ್ನೋ ಹೆದರಿಕೆ ಇತ್ತು. ಅದೂ ಕಾರಣವೇ. ಆದರೆ ಎಲ್ಲಕ್ಕಿಂತ ದೊಡ್ಡ ಕಾರಣ, ನನಗೆ ಗೊತ್ತಿದೆ ಅಂತ ನಾನು ನಿಜವಾಗಿಯೂ ನಂಬಿದ್ದೆ. ಸುಳ್ಳು ಹೇಳಿರಲಿಲ್ಲ. ನೌಕಾಪಡೆಯ ಸೆಲ್ಯೂಟ್ ಬೇರೆ ಅನ್ನೋದು ನನಗೆ ಗೊತ್ತಿತ್ತು. ಅಲ್ಲಿ ಅಂಗೈ ಮುಂದಕ್ಕೆ ತೋರಿಸೋದಿಲ್ಲ, ನೆಲದ ಕಡೆಗೆ ತಿರುಗಿರುತ್ತೆ. ಹಿಂದೆ ಹಡಗಿನಲ್ಲಿ ಹಗ್ಗ, ಟಾರು ಹಿಡಿದು ನಾವಿಕರ ಅಂಗೈ ಕೊಳಕಾಗಿರುತ್ತಿತ್ತು, ಆ ಕೈಯನ್ನು ಮೇಲಧಿಕಾರಿಗೆ ತೋರಿಸಬಾರದು ಅಂತ ಹೀಗೆ ಬಂತು ಅನ್ನುತ್ತಾರೆ. ಈ ಕಥೆಯನ್ನು ಸುಬೇದಾರ್ ಸಾಬ್ ನನಗೆ ಹೇಳಿದ್ದರು. ನಾನೇ ಎಷ್ಟೋ ಜನಕ್ಕೆ ಹೇಳಿದ್ದೆ.

ಆದರೆ ನನ್ನ ತಲೆಗೆ ಗೊತ್ತಿದ್ದದ್ದು ನನ್ನ ಕೈಗೆ ಗೊತ್ತಿರಲಿಲ್ಲ. ಇದನ್ನು ದಯವಿಟ್ಟು ಎರಡು ಸಲ ಓದಿ. ಹನ್ನೆರಡು ವರ್ಷ ಒಂದೇ ಸೆಲ್ಯೂಟ್ ಹೊಡೆದ ಕೈ ಅದು. ನಾಣ್ಯ ಬೀಳಿಸದೆ ಕಲಿತ ಕೈ. ಕ್ಯಾಮೆರಾ ಓಡುತ್ತಿದೆ, ಎದುರಿಗೆ ನಾವಿಕನ ಹೆಂಡತಿಯ ಪಾತ್ರದ ನಟಿ ಕಣ್ಣಲ್ಲಿ ನೀರು ತುಂಬಿಕೊಂಡು ನಿಂತಿದ್ದಾರೆ, ನನ್ನ ಮನಸ್ಸು ಪೂರ್ತಿ ಆ ಭಾವದಲ್ಲಿದೆ. ಆ ಹೊತ್ತಿಗೆ ಕೈ ತನಗೆ ಅಭ್ಯಾಸ ಇದ್ದದ್ದನ್ನೇ ಮಾಡುತ್ತೆ. ಬಿಳಿ ಯೂನಿಫಾರಂ, ನಾಲ್ಕು ಚಿನ್ನದ ಪಟ್ಟಿ, ಅದರ ಮೇಲೆ ಸೈನ್ಯದ ಸೆಲ್ಯೂಟ್. ಅಂಗೈ ಕನ್ನಡಿಯ ಹಾಗೆ ಮುಂದಕ್ಕೆ. ಐದು ಟೇಕ್ ಆಯಿತು. ಐದರಲ್ಲೂ ಅದೇ. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಆ ರಾತ್ರಿ ಖುಷಿಯಾಗಿ ಮನೆಗೆ ಹೋದೆ.

ಎಡಿಟಿಂಗ್ ಆಗುವಾಗ ಆ ನಿವೃತ್ತ ನೇವಿ ಅಧಿಕಾರಿಗೆ ತೋರಿಸಿದಾಗ ಸಿಕ್ಕಿಬಿತ್ತು. ಅಷ್ಟು ಹೊತ್ತಿಗೆ ಸೆಟ್ ಕಿತ್ತಾಗಿತ್ತು. ಕತ್ತರಿಸಿ ಉಳಿಸಿಕೊಳ್ಳೋಣ ಅಂದರೆ ಕ್ಲೋಸಪ್‌ನಲ್ಲಿ ಮುಖದ ಪಕ್ಕದಲ್ಲೇ ಅಂಗೈ. ನನ್ನ ಬೆನ್ನ ಹಿಂದಿನಿಂದ ಆ ನಟಿಯ ಮುಖ ತೆಗೆದ ಶಾಟ್ ಇತ್ತಲ್ಲ, ಅದರಲ್ಲೂ ನನ್ನ ಕೈಯ ಹಿಂಭಾಗ ಅಗಲವಾಗಿ ಕಾಣುತ್ತಿತ್ತು. ಅವರ ಅಷ್ಟು ಒಳ್ಳೆಯ ಅಭಿನಯವೂ ನನ್ನ ಜೊತೆಗೇ ಹೋಯಿತು. ಇವತ್ತಿಗೂ ನನಗೆ ಜಾಸ್ತಿ ನೋವಾಗೋದು ಅದಕ್ಕೆ. ಇಡೀ ದೃಶ್ಯ ತೆಗೆದರು. ಸಿನಿಮಾದಲ್ಲಿ ಈಗ ಉಳಿದಿರೋದು ವೈರ್‌ಲೆಸ್‌ನಲ್ಲಿ ಬರುವ ನನ್ನ ದನಿ ಮಾತ್ರ, ಒಂದೂವರೆ ಸಾಲು. 22 ದಿನದ ಬ್ರಿಗೇಡಿಯರ್ ಪಾತ್ರ ಇನ್ನೊಬ್ಬರಿಗೆ ಹೋಯಿತು. ಆ ಪಾತ್ರ ಕೊಡಿಸಿದ್ದ ಮುಂಬೈನ ಕೋಆರ್ಡಿನೇಟರ್‌ನಿಂದ ಹದಿನಾಲ್ಕು ತಿಂಗಳು ಫೋನ್ ಬರಲಿಲ್ಲ.

ಸುಮಾರು ದಿನ ಆದ ಮೇಲೆ ಯಶವಂತಪುರದ ಬಸ್ ಸ್ಟಾಪ್‌ನಲ್ಲಿ ಒಬ್ಬರು ಸಿಕ್ಕರು. ಆ ದೃಶ್ಯದಲ್ಲಿ ನನ್ನ ಹಿಂದೆ ಸಾಲಿನಲ್ಲಿ ನಿಂತಿದ್ದ ಜೂನಿಯರ್ ಆರ್ಟಿಸ್ಟ್. ಮಾತಿಗೆ ಮಾತು ಬಂದು, ಹದಿನೈದು ವರ್ಷ ನೇವಿಯಲ್ಲಿ ಇದ್ದೆ ಅಂದರು. ನನಗೆ ಎದೆ ಧಸಕ್ ಅಂತು. 'ಹಾಗಾದ್ರೆ ನೀವು ನೋಡಿದ್ರಾ?' ಅಂದೆ. 'ಮೊದಲನೇ ಟೇಕ್‌ನಲ್ಲೇ ನೋಡಿದೆ ಸಾರ್. ನೀವು ಅಷ್ಟು ಗಟ್ಟಿಯಾಗಿ ಹೊಡೆದ್ರಿ, ಸಿನಿಮಾಗೆ ಹೀಗೇ ಬೇಕೇನೋ ಅನ್ಕೊಂಡೆ. ನಿಮಗೆ ಹೇಳೋಕೆ ನಾನ್ಯಾರು ಅನ್ನಿಸ್ತು' ಅಂದರು. ಹತ್ತು ಅಡಿ ದೂರದಲ್ಲಿ ಉತ್ತರ ಇತ್ತು. ನಾನು ಒಂದು ಸಲ ಹಿಂದೆ ತಿರುಗಿ 'ಸರಿ ಇದೆಯೇನಪ್ಪಾ?' ಅಂತ ಕೇಳಿದ್ದರೆ ಮುಗಿದುಹೋಗುತ್ತಿತ್ತು.

ಈಗ ನಿಮ್ಮ ಪ್ರಶ್ನೆ. ನೀವು 'ಮಿಲಿಟರಿ ಪಾತ್ರ' ಅಂತ ಬರೆದಿದ್ದೀರಿ, ಅದು ಒಂದೇ ಪಾತ್ರ ಅನ್ನೋ ಹಾಗೆ. ನಾನು ಇದನ್ನು ಒಪ್ಪೋದಿಲ್ಲ. ನಿಮ್ಮ ನಾಲ್ಕು ಮೇಜರ್‌ಗಳೂ ಒಂದೇ ಥರ ಕಾಣುತ್ತಿದ್ದರೆ ಅದು ಗಾಂಧಿನಗರ ನಿಮ್ಮ ಮೇಲೆ ಹಾಕಿದ ಮುದ್ರೆ ಅಲ್ಲ. ನಾಲ್ಕು ಸಲವೂ ನೀವು ಒಬ್ಬನನ್ನೇ ಮಾಡಿದ್ದೀರಿ, ಅಷ್ಟೇ. ಆರು ವರ್ಷ ಸರ್ವಿಸ್ ಆದ ಮೇಜರ್‌ಗೂ, ಎರಡು ಸಲ ಪ್ರಮೋಷನ್ ತಪ್ಪಿದ ಮೇಜರ್‌ಗೂ ಕುರ್ಚಿಯಲ್ಲಿ ಕೂರೋ ರೀತಿಯೇ ಬೇರೆ. ಸೈನ್ಯದ ಎಂಜಿನಿಯರ್ಸ್‌ನಲ್ಲಿ ಸೇತುವೆ ಕಟ್ಟಿದವನು ಗೋಡೆಯನ್ನು ನೋಡೋ ರೀತಿ ಬೇರೆ. ಸುಬೇದಾರ್ ಪಾತ್ರ ಸಿಕ್ಕರೆ ಬಿಡಲೇಬೇಡಿ. ಇಪ್ಪತ್ತೈದು ವರ್ಷ ಸರ್ವಿಸ್ ಆದ ಸುಬೇದಾರ್ ಮುಂದೆ ನಿನ್ನೆ ಮೊನ್ನೆ ಬಂದ ಲೆಫ್ಟಿನೆಂಟ್ ನಿಂತಿರುತ್ತಾನೆ. ಸೆಲ್ಯೂಟ್ ಹೊಡೆಯಬೇಕಾದವರು ಸುಬೇದಾರ್. ಆದರೆ ಆ ಹುಡುಗ ಅವರನ್ನು 'ಸಾಬ್' ಅಂತಲೇ ಮಾತಾಡಿಸಬೇಕು. ಆ ಎರಡು ಗೌರವಗಳ ನಡುವೆ ಎಷ್ಟು ಅಭಿನಯ ಇದೆ ನೋಡಿ. ನಮ್ಮಲ್ಲಿ ಯಾರೂ ಅದನ್ನು ಮುಟ್ಟೇ ಇಲ್ಲ.

ಮುದ್ರೆಯಿಂದಲೇ ಬದುಕಿದವರೂ ಇದ್ದಾರೆ. ಮೇಜರ್ ಬಿಕ್ರಮ್‌ಜೀತ್ ಕನ್ವರ್‌ಪಾಲ್ 2002ರಲ್ಲಿ ಸೈನ್ಯದಿಂದ ನಿವೃತ್ತರಾಗಿ ಮರುವರ್ಷವೇ ನಟನೆಗೆ ಬಂದರು. 2021ರ ಮೇ 1ರಂದು ಕೋವಿಡ್‌ನಿಂದ ತೀರಿಕೊಳ್ಳುವವರೆಗೂ ಸಿನಿಮಾ, ಸೀರಿಯಲ್, ವೆಬ್ ಸರಣಿ ಅಂತ ಕೈತುಂಬಾ ಕೆಲಸ ಇತ್ತು. ಸೈನ್ಯದ ಅಧಿಕಾರಿ ಅವರ ಕೈಹಿಡಿದ ಪಾತ್ರ, ಆದರೆ ಅದೊಂದೇ ಆಗಿರಲಿಲ್ಲ. ಅಮೆರಿಕದಲ್ಲಿ ಆರ್. ಲೀ ಎರ್ಮಿ ಅನ್ನೋರು ಮರೀನ್ ಪಡೆಯಲ್ಲಿ ಡ್ರಿಲ್ ಇನ್‌ಸ್ಟ್ರಕ್ಟರ್ ಆಗಿದ್ದವರು. 1987ರಲ್ಲಿ ಬಂದ 'ಫುಲ್ ಮೆಟಲ್ ಜಾಕೆಟ್' ಸಿನಿಮಾಗೆ ಸಲಹೆಗಾರರಾಗಿ ಹೋಗಿ, ಅದರಲ್ಲೇ ಡ್ರಿಲ್ ಇನ್‌ಸ್ಟ್ರಕ್ಟರ್ ಪಾತ್ರ ಪಡೆದರು. ಉಲ್ಟಾ ಉದಾಹರಣೆಯೂ ಇದೆ. ಅಚ್ಯುತ್ ಪೋತ್‌ದಾರ್ ಸೈನ್ಯದಲ್ಲಿ ಕ್ಯಾಪ್ಟನ್ ಆಗಿದ್ದು 1967ರಲ್ಲಿ ಹೊರಬಂದವರು. ಜನ ಅವರನ್ನು ನೆನಪಿಟ್ಟುಕೊಂಡಿರೋದು ಮಾತ್ರ '3 ಈಡಿಯಟ್ಸ್' ಸಿನಿಮಾದ ಕಾಲೇಜ್ ಪ್ರೊಫೆಸರ್ ಆಗಿ. ಮೀಸೆ ತೆಗೆಯೋದು ಬಿಡೋದರಿಂದ ಇದರಲ್ಲಿ ಯಾವುದೂ ತೀರ್ಮಾನ ಆಗಲಿಲ್ಲ.

ಒಂದು ವರ್ಷ ಕಾಯೋದು ಬೇಡವೇ ಬೇಡ. ಪೋಷಕ ನಟನಿಗೆ ದಿನದ ಲೆಕ್ಕದಲ್ಲಿ ದುಡ್ಡು, ಕಣ್ಣಿಗೆ ಬೀಳದಿದ್ದರೆ ಮರೆತೇ ಹೋಗುತ್ತಾರೆ. ಕಾಯೋ ಬದಲು ಈ ಜನವರಿ 26ಕ್ಕೆ ಬೆಳಿಗ್ಗೆ ಬೇಗ ಎದ್ದು ಎಂ.ಜಿ. ರಸ್ತೆಯ ಮಾಣೆಕ್ ಷಾ ಪರೇಡ್ ಮೈದಾನಕ್ಕೆ ಹೋಗಿ. ಕವಾಯತು ಎಲ್ಲರೂ ನೋಡುತ್ತಾರೆ. ನೀವು ಕವಾಯತು ಮುಗಿದ ಮೇಲೆ ಅವರು ನೀರು ಕುಡಿಯೋದು, ಬೆಲ್ಟ್ ಸಡಿಲ ಮಾಡೋದು, ತಮ್ಮ ತಮ್ಮಲ್ಲಿ ಮಾತಾಡೋದು ನೋಡಿ. ಸೈನ್ಯದ ಆಜ್ಞೆಗಳೆಲ್ಲ ಹಿಂದಿಯಲ್ಲೇ ಇರುತ್ತವೆ, 'ದಾಹಿನೇ' ಅಂತ ಎಳೆದು, ಒಂದು ಕ್ಷಣ ಬಿಟ್ಟು, 'ಮುಡ್' ಅಂತ ಕಡಿಯಬೇಕು. ಸೀರಿಯಲ್‌ನವರು ಇದನ್ನು ಕನ್ನಡಕ್ಕೆ ಮಾಡಿ ಕೊಡುತ್ತಾರೆ. ಜಗಳ ಆಡಿಯಾದರೂ ಹಿಂದಿಯಲ್ಲೇ ಹೇಳಿ. ನನಗೆ ಕನ್ನಡದ ಮೇಲೆ ಪ್ರೀತಿ ಇರೋದಕ್ಕೇ ಹೀಗೆ ಹೇಳುತ್ತಿದ್ದೇನೆ. ಇಡೀ ದಿನ ಹಿಂದಿಯಲ್ಲಿ ಕೂಗಿದ ಹವಾಲ್ದಾರ್, ರಾತ್ರಿ ಬಂಕರ್‌ನಲ್ಲಿ ಪಕ್ಕದ ಹುಡುಗನಿಗೆ 'ಊಟ ಮಾಡಿದ್ಯೇನೋ?' ಅಂದಾಗ ಆ ಕನ್ನಡಕ್ಕೆ ಬರುವ ತೂಕವೇ ಬೇರೆ.

ಕಥೆ ಯಾವ ವರ್ಷದ್ದು ಅಂತ ಮೊದಲು ಕೇಳಿ. ಆಮೇಲೆ ಡೈಲಾಗ್. 2022ರ ಜನವರಿ 15ರ ಸೇನಾ ದಿನದಂದು ಹೊಸ ಕಾಂಬ್ಯಾಟ್ ಯೂನಿಫಾರಂ ಬಂತು. ಅದಕ್ಕೂ ಮುಂಚಿನ ಕಥೆಗೆ ಅದನ್ನು ಹಾಕಿಸಿದರೆ ತಪ್ಪು. 2023ರ ಆಗಸ್ಟ್ 1ರಿಂದ ಬ್ರಿಗೇಡಿಯರ್ ಮತ್ತು ಮೇಲಿನವರಿಗೆಲ್ಲ ಒಂದೇ ಥರದ ಟೋಪಿ, ಬೆಲ್ಟ್, ಶೂ. ತಮ್ಮ ರೆಜಿಮೆಂಟ್‌ನ ಬಣ್ಣದ ಟೋಪಿ ಹಾಕಿದ ಬ್ರಿಗೇಡಿಯರ್ ಈಗಿನ ಕಥೆಯಲ್ಲಿ ಇರೋಕೆ ಸಾಧ್ಯವಿಲ್ಲ. 1971ರ ಕಥೆಗೆ ಇನ್ಸಾಸ್ ರೈಫಲ್ ಕೈಗೆ ಕೊಟ್ಟರೆ ವಾಪಸ್ ಕೊಡಿ, ಆಗ ಅದು ಹುಟ್ಟೇ ಇರಲಿಲ್ಲ.

ಇನ್ನೊಂದು ಮಾತನ್ನು ಬೇಡಿಕೆ ಅಂತಲೇ ತಿಳಿಯಿರಿ. ಯೂನಿಫಾರಂನಲ್ಲಿ ಸೆಟ್‌ನಿಂದ ಹೊರಗೆ ಕಾಲಿಡಬೇಡಿ. ಸೈನಿಕ ಅಂತ ನಂಬಿಸೋ ಉದ್ದೇಶದಿಂದ ಆ ಬಟ್ಟೆ ಹಾಕಿದರೆ ಭಾರತೀಯ ನ್ಯಾಯ ಸಂಹಿತೆಯ 168ನೇ ಸೆಕ್ಷನ್ ಪ್ರಕಾರ ಮೂರು ತಿಂಗಳವರೆಗೆ ಜೈಲು ಆಗಬಹುದು. ಕಾನೂನು ಬಿಡಿ. ಒಂದು ಸಲ ಶೂಟಿಂಗ್ ಮಧ್ಯೆ ಹಾಗೇ ಟೀ ಕುಡಿಯೋಕೆ ಗೇಟಿನ ಹೊರಗೆ ಹೋದೆ. ಅಂಗಡಿಯ ಅಜ್ಜ ಗ್ಲಾಸನ್ನು ಎರಡು ಸಲ ತೊಳೆದು ಟೀ ಕೊಟ್ಟರು, ದುಡ್ಡು ತೆಗೆದುಕೊಳ್ಳಲಿಲ್ಲ. 'ನೀವು ಅಲ್ಲಿ ಇರೋದಕ್ಕೆ ನಾವು ಇಲ್ಲಿ ಇದೀವಿ' ಅಂದರು. ನಾನು ನಟ ಅಂತ ಹೇಳೋಕೆ ಬಾಯಿ ಬರಲಿಲ್ಲ. ಆ ಟೀ ಗಂಟಲಲ್ಲಿ ಇಳಿಯಲಿಲ್ಲ. ಆವತ್ತಿನಿಂದ ಶರ್ಟ್ ಬಿಚ್ಚಿ ಹ್ಯಾಂಗರ್‌ಗೆ ಹಾಕದೆ ನಾನು ಗೇಟ್ ದಾಟಿಲ್ಲ.

ಆ ಹದಿನಾಲ್ಕು ತಿಂಗಳು ಏನು ಮಾಡಿದೆ ಅಂತ ಕೇಳಬಹುದು. ಮತ್ತೆ ಟೆರೇಸ್‌ಗೆ ಹೋದೆ. ಬಸ್ ಸ್ಟಾಪ್‌ನಲ್ಲಿ ಸಿಕ್ಕ ಆ ನೇವಿಯವರನ್ನೂ ಕರೆದುಕೊಂಡು ಹೋದೆ. ಸುಬೇದಾರ್ ಸಾಬ್, ನೇವಿಯವರು ಇಬ್ಬರೂ ಎದುರಾ ಬದುರಾ ಕುರ್ಚಿ ಹಾಕಿಕೊಂಡು ಕೂತು, ನಾನು ನಡುವೆ ನಿಂತು, ಒಮ್ಮೆ ಇವರ ಕಡೆ ತಿರುಗಿ ಅಂಗೈ ಮುಂದಕ್ಕೆ, ಒಮ್ಮೆ ಅವರ ಕಡೆ ತಿರುಗಿ ಅಂಗೈ ಕೆಳಕ್ಕೆ. ಬೆಳಿಗ್ಗೆ ಒಂದು ನೂರು ಸಲ. ಸೈನ್ಯದ ಕೈಯನ್ನು ಮರೆಸೋಕೆ ಆಗೋದಿಲ್ಲ. ಅದರ ಪಕ್ಕದಲ್ಲಿ ಇನ್ನೊಂದು ಕೈಯನ್ನು ಬೆಳೆಸಬೇಕು, ಅಷ್ಟೇ. ಈಗ ಯಾವ ಸೆಟ್‌ಗೆ ಹೋದರೂ ಮೊದಲು ಜೂನಿಯರ್ ಆರ್ಟಿಸ್ಟ್‌ಗಳ ಹತ್ತಿರ ಹೋಗಿ 'ನಿಮ್ಮಲ್ಲಿ ಯಾರಾದ್ರೂ ಸರ್ವಿಸ್‌ನಲ್ಲಿ ಇದ್ರಾ?' ಅಂತ ಕೇಳುತ್ತೇನೆ. ಬೆಂಗಳೂರಿನಲ್ಲಿ ಹತ್ತು ಜನ ನಿಂತಿದ್ದರೆ ಅದರಲ್ಲಿ ಒಬ್ಬರು ಇದ್ದೇ ಇರುತ್ತಾರೆ. ಅವರನ್ನು ಮಾನಿಟರ್ ಪಕ್ಕ ನಿಲ್ಲಿಸಿಕೊಳ್ಳುತ್ತೇನೆ.

ಹೋದ ವಾರ ಒಂದು ವೆಬ್ ಸರಣಿಯವರು ಫೋನ್ ಮಾಡಿದ್ದರು. ಏರ್‌ಫೋರ್ಸ್‌ನ ಗ್ರೂಪ್ ಕ್ಯಾಪ್ಟನ್ ಪಾತ್ರ, ಮೂರು ದಿನ. ಹುಡುಗಿ ಒಬ್ಬಳು ತುಂಬಾ ಸಂಕೋಚದಿಂದ, 'ಸಾರ್, ನಿಮಗೆ ಗೊತ್ತಿರುತ್ತೆ, ಆದರೂ ಕೇಳ್ತೀನಿ, ರಿಹರ್ಸಲ್ ಏನಾದ್ರೂ ಬೇಕಾ?' ಅಂದಳು. ಎರಡು ದಿನ ಬೇಕು ಅಂದೆ. ಆಮೇಲೆ ಕಥೆ ಯಾವ ವರ್ಷದ್ದಮ್ಮ ಅಂತ ಕೇಳಿದೆ. 1999 ಅಂದಳು. ಏರ್‌ಫೋರ್ಸ್‌ನವರು ಅಂಗೈಯನ್ನು 45 ಡಿಗ್ರಿ ವಾಲಿಸೋಕೆ ಶುರು ಮಾಡಿದ್ದು 2006ರಲ್ಲಿ, ಅದಕ್ಕೂ ಮುಂಚೆ ಸೈನ್ಯದ ಸೆಲ್ಯೂಟೇ. ಹಾಗಾದರೆ ನನ್ನ ಹಳೇ ಕೈ ಸಾಕಾಗುತ್ತೆ. ಆದರೂ ಎರಡು ದಿನದ ರಿಹರ್ಸಲ್ ಬೇಡ ಅಂತ ಹೇಳಲಿಲ್ಲ.